ಎಂಟಕ್ಕೊಂದು ವರ್ಷ

ಇದು ಸತ್ಯಕಥೆ, ಅನುಮಾನವಿದ್ದರೆ ಎರಡು ಸೂರ್ಯರಿರುವ ನಾಡಿಗೆ ಹೋಗಿ ವಿಚಾರಿಸಿ. ಅಲ್ಲಿನ ಐವತ್ತಾರರ ದೊರೆ, ಪಂಚಾಂಗ ಬರೆಯುವ ಇಪ್ಪತ್ನಾಲ್ಕರ ಹುಡುಗಿಯನ್ನೇ ಮದುವೆಯಾಗುತ್ತೇನೆಂದು ಹಟ ಹಿಡಿದ.

“ನಾಳೆಯೇ ಲಗ್ನ! ತಿಥಿ ನೋಡು.”

“ನೋಡಿದೆ ಬುದ್ಧಿ, ನನ್ನದೇ ತಿಥಿ ಕಾಣ್ತಿದೆ! ನಿಮಗೆ ವಯಸ್ಸಾಗ್ಲಿಲ್ವಾ?”

“ಹಾಗಾದ್ರೆ ಹೊಸ ಪಂಚಾಂಗ ಬರಿ. ನನ್ನ ವಯಸ್ಸು ಇಳೀಬೇಕು!”

ಬರೆದಳು. ಹಳೆಯ ಎಂಟು ವರ್ಷ ಸೇರಿದರೆ ಹೊಸದೊಂದು ವರ್ಷ. ದೊರೆ ಮುದ್ರೆ ಒತ್ತಿ ಮೀಸೆ ತಿರುವಿದ.

“ಈಗ ನನಗೆಷ್ಟು?”

“ಏಳು, ಬುದ್ಧಿ. ನನಗೆ ಮೂರು. ಬಾಲ್ಯವಿವಾಹಕ್ಕೆ ಸೆರೆಮನೆ ಅಂತ ಡಂಗುರ ಹೊಡೆಸಿದೋರು ನೀವೇ ಅಲ್ವಾ?”

ಸಭೆಯವರೆಲ್ಲ ದೊರೆಯ ಮುಖ ನೋಡಿದರು. ಎಲ್ಲರಿಗಿಂತ ಮೊದಲು, ಎಲ್ಲರಿಗಿಂತ ಜೋರಾಗಿ ನಕ್ಕವನು ದೊರೆಯೇ. ಮುಂದಿನ ಎರಡು ಹಲ್ಲು ಬಿದ್ದಿದ್ದವು, ವಯಸ್ಸಿಗೆ ತಕ್ಕಂತೆ.