ಬಾಲಂಗೋಚಿ

"ಆ ಮುದುಕಿ ಇದ್ರೆ ನಾನಿಲ್ಲ, ನಾನಿದ್ರೆ ಆ ಮುದುಕಿ ಇಲ್ಲ. ಯಾರು ಬೇಕು, ಈಗ್ಲೇ ಹೇಳಿ!"

ನಾಯಕನಟ ಮುಖದ ಬಣ್ಣ ಒರೆಸಿದ ಬಟ್ಟೆಯನ್ನು ನಾಟಕ ಕಂಪನಿಯ ಮಾಲೀಕನ ಮುಂದೆ ಎಸೆದ. ಆಟ ಆಗತಾನೇ ಮುಗಿದಿತ್ತು. ಚಪ್ಪಾಳೆಯ ಸದ್ದು ಇನ್ನೂ ಅಡಗಿರಲಿಲ್ಲ.

ಮುದುಕಿ ಎಂದರೆ ನಾಟಕದಲ್ಲಿ ಅವನ ತಾಯಿ. ನಲವತ್ತು ವರ್ಷ ರಂಗದ ಮೇಲೆ, ನಡುನಡುವೆ ಸಿನಿಮಾದಲ್ಲಿ, ತಾಯಿ, ಸೋದರತ್ತೆ, ಸೂಲಗಿತ್ತಿ, ಆರಕ್ಕೇರಲಿಲ್ಲ, ಮೂರಕ್ಕಿಳಿಯಲಿಲ್ಲ. ಸಿನಿಮಾದಲ್ಲಂತೂ ಅರ್ಧ ಕಥೆಗೆ ಮುಂಚೆಯೇ ಸಾಯುತ್ತಿದ್ದಳು. ಸತ್ತ ಮೇಲೂ ನಿರ್ದೇಶಕರು ಅವಳನ್ನು ಮನೆಗೆ ಕಳಿಸದೆ ಕ್ಯಾಮೆರಾದ ಪಕ್ಕದಲ್ಲಿ ನಿಲ್ಲಿಸಿಕೊಳ್ಳುತ್ತಿದ್ದರಂತೆ. ದೃಷ್ಟಿಗೊಂಬೆಯಾಗಿರಬೇಕು ಎಂದು ನಾಯಕನಟ ನಗುತ್ತಿದ್ದ.

ಈ ನಾಟಕದಲ್ಲಿ ಅವಳದು ಮೊದಲಿನಿಂದ ಕೊನೆತನಕ ಮೂಲೆಯಲ್ಲಿ ಬಟ್ಟೆ ಹೊಲಿಯುತ್ತಾ ಕೂರುವ ಪಾತ್ರ. ಬರೆದದ್ದು ಏಳೇ ಮಾತು, ಆಡುತ್ತಿದ್ದದ್ದು ಎಪ್ಪತ್ತು. ಒಂದೊಂದಕ್ಕೂ ಒಂದು ಬಾಲ. ಅದಕ್ಕೇ ಅವಳಿಗೆ ಬಾಲಂಗೋಚಿಯಮ್ಮ ಎಂದು ಅವನು ಹೆಸರಿಟ್ಟಿದ್ದ.

"'ಬಂದೆಯಾ ಮಗನೇ' ಅಂದು ಬಾಯಿ ಮುಚ್ಚಬೇಕು ತಾನೇ? 'ಹನ್ನೆರಡು ವರ್ಷ ಜೈಲಲ್ಲಿದ್ದೆ ಅಂತೀಯೇನೋ' ಅಂತ ಸೇರಿಸ್ತಾಳೆ. ಅದು ನನ್ನ ಮಾತು ಕಣ್ರೀ! ಬಾಯಿಂದಲೇ ಕಿತ್ಕೋತಾಳೆ."

ಮಾಲೀಕ ಮೆಲ್ಲಗೆ ಕೇಳಿದ: "ಬಾಲಂಗೋಚಿ ಕಿತ್ರೆ ಪಟ ಹಾರುತ್ತಾ ಸ್ವಾಮಿ?"

"ನಾನು ಪಟ ಅಲ್ಲ, ಗರುಡ."

ಗರುಡನ ಮುಂದೆ ಮಾಲೀಕ ಏನು ಮಾಡಿಯಾನು? ಪರದೆಯ ಮರೆಯಲ್ಲಿ ಪುಸ್ತಕ ಹಿಡಿದು ಮಾತು ನೆನಪಿಸುವವನನ್ನು ಕೂಡ ನಾಲ್ಕು ವರ್ಷದ ಹಿಂದೆ ಹೀಗೆಯೇ ಇವನ ಹಟಕ್ಕೆ ಓಡಿಸಿಯಾಗಿತ್ತು.

ಸುದ್ದಿ ತಿಳಿದು ಮುದುಕಿ ಅಳಲಿಲ್ಲ. ಸೂಜಿಯನ್ನು ದಾರದುಂಡೆಗೆ ಚುಚ್ಚಿಟ್ಟು ನಾಯಕನಟನ ಕಡೆ ತಿರುಗಿದಳು.

"ನನ್ನ ಬಟ್ಟೆ ಪೆಟ್ಟಿಗೆ ನಾಳೆ ಬಂದು ಒಯ್ತೀನಪ್ಪಾ. ನೀವು ಆಟಕ್ಕೆ ಮುಂಚೆ ಪುಸ್ತಕ ಒಂದ್ಸಲ ತಿರುವಿ ಹಾಕಿ."

"ನಾನೂರು ಆಟ ಆಡಿದವನಿಗೆ ಪುಸ್ತಕವೇ? ಹೋಗಮ್ಮ, ಮನೇಲಿ ಕೂತು ಜಪ ಮಾಡ್ಕೋ."

ಜಪದ ಮಾತು ಕೇಳಿ ಸಂಗಡಿಗರೆಲ್ಲ ನಕ್ಕರು. ದಿನವೂ ಆಟಕ್ಕೆ ಮುಂಚೆ ಅವಳು ಪೆಟ್ಟಿಗೆಯ ಮೇಲೆ ಕೂತು, ಕಣ್ಣು ಮುಚ್ಚಿ, ತುಟಿ ಅಲುಗಿಸುತ್ತಿದ್ದಳು. ಏಳು ಮಾತಿಗೆ ಮುಕ್ಕೋಟಿ ದೇವರ ಜಪ!

ಮರುದಿನ ಕುರ್ಚಿಗಳೆಲ್ಲ ತುಂಬಿದ್ದವು. ಹೊಸ ತಾಯಿ ಏಳು ಮಾತನ್ನೂ ಗಿಣಿಯಂತೆ ಕಲಿತಿದ್ದಳು.

"ಬಂದೆಯಾ ಮಗನೇ?"

ಅಷ್ಟೇ. ಬಾಲವಿಲ್ಲ, ಗೀಲವಿಲ್ಲ. ಕಿವಿಗೆ ಎಷ್ಟು ಹಿತ!

"ಹನ್ನೆರಡು ವರ್ಷ ಜೈಲಿನಲ್ಲಿದ್ದೆನಮ್ಮಾ!" ನಾಯಕನಟ ಗುಡುಗಿದ. ಚಪ್ಪಾಳೆ ಬಿತ್ತು.

"ಈಗೇಕೆ ಬಂದೆ?" ಎಂದು ಕೇಳಿ ಹೊಸ ತಾಯಿ ತಲೆ ತಗ್ಗಿಸಿ ಹೊಲಿಗೆ ಹಿಡಿದಳು.

ನಾಯಕನಟ ಎದೆಯುಬ್ಬಿಸಿ ಬಾಯಿ ತೆರೆದ. ತೆರೆದ ಬಾಯಿ ತೆರೆದೇ ಇತ್ತು. ಅವನ ಕಣ್ಣು ತಾನಾಗಿಯೇ ಹೊಸ ತಾಯಿಯ ತುಟಿಯ ಮೇಲೆ ಹೋಗಿ ಕೂತು, ಬಾಗಿಲಲ್ಲಿ ನಿಂತ ಭಿಕ್ಷುಕನಂತೆ ಕಾಯಿತು. ನಿನ್ನೆ ಇಲ್ಲೊಂದು ಬಾಲವಿತ್ತು. ಏನದು?

ಯಾರೋ ಕೆಮ್ಮಿದರು. ಹಿಂದಿನ ಸಾಲಿನಲ್ಲಿ ಸಿಳ್ಳೆ ಎದ್ದಿತು.

ಪರದೆಯ ಮರೆಯಲ್ಲಿ ಪೆಟ್ಟಿಗೆ ಒಯ್ಯಲು ಬಂದ ಮುದುಕಿ ನಿಂತಿದ್ದಳು. ಅವನು ಎರಡು ಹೆಜ್ಜೆ ಅತ್ತ ಸರಿದು ಪಿಸುಗುಟ್ಟಿದ: "ಅಮ್ಮಾ... ಆಮೇಲೇನು?"

ನಾಲ್ಕು ವರ್ಷ ಅವನ ಮಾತುಗಳನ್ನೇ ಜಪಿಸಿದ ಆ ತುಟಿಗಳು ಅಲುಗಲಿಲ್ಲ.