ಪೂಜೆಗಿಟ್ಟ ಹಾರ್ಡ್ ಡಿಸ್ಕ್

ಹಾರ್ಡ್ ಡಿಸ್ಕ್ ಡ್ರಾಯರಿನಲ್ಲಿ ಇರಲಿಲ್ಲ. ಚೈತನ್ಯಾ ಡ್ರಾಯರನ್ನೇ ಹೊರಗೆಳೆದು ಮಂಚದ ಮೇಲೆ ಬೋರಲು ಹಾಕಿದಳು. ಹಳೆಯ ಚಾರ್ಜರು, ಸತ್ತ ಬ್ಯಾಟರಿ, ಮದುವೆ ಕಾರ್ಡುಗಳ ಸ್ಯಾಂಪಲ್ಲು. ಅದೊಂದು ಮಾತ್ರ ಇಲ್ಲ. ಯಾರು ತೆಗೆದಿರಬಹುದೆಂದು ತಲೆ ಕೆಡಿಸಿಕೊಳ್ಳುವ ಅಗತ್ಯವೂ ಇರಲಿಲ್ಲ. ಗಂಡ ಮಧುಸೂದನ್ ಮೈಸೂರಿಗೆ ಹೋಗಿ ನಾಲ್ಕು ದಿನವಾಗಿತ್ತು. ಮನೆಯಲ್ಲಿ ಉಳಿದವರು ಅತ್ತೆ ಜಾನಕಮ್ಮ ಒಬ್ಬರೇ.

ಹಗಲೆಲ್ಲ ಸುಲ್ತಾನ್‌ಪೇಟೆಯ ಅಂಗಡಿಯಲ್ಲಿ ಲಗ್ನಪತ್ರಿಕೆ ಡಿಸೈನ್ ಮಾಡುವ ಚೈತನ್ಯಾ ಸಂಜೆ ಕಂಪ್ಯೂಟರಿನಲ್ಲಿ ಬಸ್ಸು ಓಡಿಸುವ ಆಟ ಆಡುತ್ತಿದ್ದಳು. ಆಡಿದ್ದಕ್ಕಿಂತ ತಿದ್ದಿದ್ದೇ ಹೆಚ್ಚು. ಆಟಕ್ಕೆ ಹೊರಗಿನಿಂದ ಸೇರಿಸುವ ಇಂಥ ತಿದ್ದುಪಡಿಗೆ ಮಾಡ್ ಎನ್ನುತ್ತಾರೆ. ಆಟದಲ್ಲಿದ್ದ ಯಾವುದೋ ಪರದೇಶದ ಊರನ್ನು ಕಿತ್ತು ಅಲ್ಲಿ ಅವಳು ಮಲ್ಲೇಶ್ವರಂ ಕೂರಿಸಿದ್ದಳು. ಮೆಟ್ರೋ ಬರುವ ಮುಂಚಿನ ಸಂಪಿಗೆ ರಸ್ತೆ, ಕ್ರಾಸುಗಳು, ಹೂವಿನ ಸಾಲು. ಒಂದೊಂದು ಅಂಗಡಿ ಬೋರ್ಡಿಗೂ ಒಂದೊಂದು ಸಂಜೆ. ಮೂರು ವರ್ಷ.

ಹೋದ ವಾರ ಯಾವುದೋ ಅಪ್‌ಡೇಟ್ ಬಂದು ಆಟ ಕೆಟ್ಟು ಕೂತಿತು. ಪೂರ್ತಿ ತೆಗೆದು ಮತ್ತೆ ಇನ್‌ಸ್ಟಾಲ್ ಮಾಡಬೇಕು. ತೆಗೆದರೆ ಮಾಡ್‌ಗಳೂ ಹೋಗುತ್ತವೆ.

"ಎಲ್ಲಾ ಅಳಿಸ್ಹೋಗತ್ತಾ?" ಎಂದು ಕೇಳಿದ್ದರು ಜಾನಕಮ್ಮ. ಹುರುಳಿಕಾಯಿ ಹೆಚ್ಚುತ್ತಿದ್ದ ಅವರ ಎಡಗೈ ನಿಂತುಬಿಟ್ಟಿತ್ತು.

"ಹೂಂ ಅತ್ತೆ. ನಾಡಿದ್ದು ಅಳಿಸ್ತೀನಿ."

"ನಾಡಿದ್ದೇನಾ?"

ಆಟದ ಪೀಡೆ ತೊಲಗಲೆಂದು ಅತ್ತೆಗೆ ಆತುರ ಎಂದುಕೊಂಡಳು ಚೈತನ್ಯಾ.

ಹೇಳಿದ ದಿನ ಡೆಸ್ಕ್‌ಟಾಪಿನಲ್ಲಿದ್ದ ಮಾಡ್ ಫೋಲ್ಡರನ್ನು ಹಾರ್ಡ್ ಡಿಸ್ಕಿಗೆ ಎಳೆದು ಹಾಕಿದಳು. ಕಣ್ಣು ಮಿಟುಕಿಸುವಷ್ಟರಲ್ಲಿ ಕಾಪಿ ಆಯಿತು. ಡಿಸ್ಕಿನಿಂದಲೇ ತೆರೆದು ನೋಡಿದಳು, ಎಲ್ಲವೂ ಇತ್ತು. ಆಮೇಲೆಯೇ ಆಟ ಅಳಿಸಿದ್ದು. "ಇದನ್ನ ಮುಟ್ಬೇಡಿ ಅತ್ತೆ, ನನ್ನ ಮೂರು ವರ್ಷದ ವಿದ್ಯೆ ಎಲ್ಲಾ ಇದ್ರಲ್ಲಿದೆ" ಎಂದು ಹೇಳಿಯೇ ಡ್ರಾಯರಿನಲ್ಲಿಟ್ಟಿದ್ದಳು.

ಈಗ ದೇವರಮನೆಯ ಬಾಗಿಲಲ್ಲಿ ನಿಂತಳು. "ಅತ್ತೆ, ನನ್ನ ಡಿಸ್ಕ್ ಎಲ್ಲಿ?"

"ಇಲ್ಲೇ ಇದೆಯಲ್ಲ."

ಮಣೆಯ ಮೇಲೆ ಪುಸ್ತಕಗಳನ್ನು ಜೋಡಿಸಿ ಹೂವೇರಿಸಿದ್ದರು. ತುದಿಯಲ್ಲಿ ಅವಳ ಕಪ್ಪು ಡಿಸ್ಕು, ಮೈತುಂಬ ಅರಿಶಿನ ಕುಂಕುಮ.

"ವಿದ್ಯೆ ಅಂದ್ಯಲ್ಲಮ್ಮ, ಸರಸ್ವತಿ ಪೂಜೆಗೆ ಇಟ್ಟೆ. ಇನ್ನು ತೆಗಿಯೋದು ದಶಮಿಗೇ."

"ಅಯ್ಯೋ, ಇನ್ನೂ ಮೂರು ದಿನ ಇದೆ!"

"ಇಟ್ಟಾಯ್ತು. ಈಗೇನ್ ಮಾಡೋದು?"

ಪೂಜೆಗಿಟ್ಟಿದ್ದನ್ನು ನಡುವೆ ಎತ್ತಿದವರು ಆ ಮನೆಯಲ್ಲಿ ಯಾರೂ ಇಲ್ಲ. ಮಧುವಿಗೆ ಫೋನ್ ಮಾಡಿದರೆ, "ಮೂರ್ ದಿನ ತಾನೆ, ಬಿಡೇ" ಎಂದು ಇಟ್ಟುಬಿಟ್ಟ. ಚೈತನ್ಯಾಳಿಗೆ ಮೈಯೆಲ್ಲ ಉರಿಯಿತು. ಬೇಕೆಂದೇ ಮಾಡಿದ್ದಾರೆ, ಸಂದೇಹವೇ ಇಲ್ಲ.

ಅತ್ತೆಯ ಮೇಲಿನ ಅವಳ ದೂರುಗಳೇನು ಕಡಿಮೆಯೇ? ಜಾನಕಮ್ಮ ಸರ್ಕಾರಿ ಕಚೇರಿಯೊಂದರ ರೆಕಾರ್ಡ್ ರೂಮಿನಲ್ಲಿ ಮೂವತ್ತು ವರ್ಷ ದುಡಿದು ನಿವೃತ್ತರಾದವರು. ಆಫೀಸ್ ಕಾಪಿ ಇಟ್ಟುಕೊಳ್ಳದೆ ಒಂದು ಚೀಟಿಯನ್ನೂ ಕೈಬಿಡರು. ಸೊಸೆಯ ಜಾತಕಕ್ಕೂ ಎರಡು ಜೆರಾಕ್ಸ್ ತೆಗೆಸಿದ್ದರು. ಮೇಜು ಒರೆಸುವ ನೆಪದಲ್ಲಿ ದಿನವೂ ಮೌಸನ್ನು ಎಡಕ್ಕೆ ಸರಿಸಿಬಿಡುತ್ತಿದ್ದರು. ಸಂಜೆ ಬಂದು ಅದನ್ನು ಬಲಕ್ಕೆ ತರುವುದೇ ಚೈತನ್ಯಾಳ ಮೊದಲ ಕೆಲಸ. ಅದರ ಮೇಲೆ ಕೊಂಕು ಬೇರೆ: "ನಿನ್ನ ಬಸ್ಸು ಎಂಟನೇ ಕ್ರಾಸಿನ ತಿರುವಲ್ಲಿ ಫುಟ್‌ಪಾತ್ ಹತ್ತತ್ತೆ, ನೋಡ್ಕೋ." ಅವಳ ಕೈಯಲ್ಲಿ ಒಮ್ಮೆಯೂ ಹತ್ತಿರಲಿಲ್ಲ.

ಆ ಮೂರು ದಿನ ಜಾನಕಮ್ಮನೂ ಸಿಡಿಮಿಡಿಗುಟ್ಟಿದರು. ಒರೆಸಿದ ಶೆಲ್ಫನ್ನೇ ಮತ್ತೆ ಮತ್ತೆ ಒರೆಸಿದರು. "ನಿನ್ನ ಆಟ ಯಾವಾಗ ಸರಿಹೋಗತ್ತೇ?" ಎಂದು ದಿನಕ್ಕೆ ಎರಡು ಸಲ ಕೇಳಿದರು. ಅಣಕಿಸುವುದಕ್ಕೂ ಒಂದು ಮಿತಿ ಬೇಡವೇ ಎಂದು ಚೈತನ್ಯಾ ಹಲ್ಲು ಕಚ್ಚಿದಳು.

ದಶಮಿಯ ಬೆಳಿಗ್ಗೆ ಮಂಗಳಾರತಿ ಆದದ್ದೇ ತಡ, ಡಿಸ್ಕನ್ನು ಎತ್ತಿಕೊಂಡು ಓಡಿದಳು. ಕುಂಕುಮ ಒರೆಸಿ ಕಂಪ್ಯೂಟರಿಗೆ ಸಿಕ್ಕಿಸಿದಳು. ಆಟ ಮತ್ತೆ ಇನ್‌ಸ್ಟಾಲ್ ಆಗಿ ಕಾಯುತ್ತಿತ್ತು. ಡಿಸ್ಕಿನಲ್ಲಿ ಒಂದೇ ಒಂದು ಚಿತ್ರ, ಮೂಲೆಯಲ್ಲಿ ಪುಟ್ಟ ಬಾಣದ ಗುರುತು. ಒತ್ತಿದಳು. ಅಂಥ ಜಾಗವೇ ಇಲ್ಲ ಎಂದಿತು ಕಂಪ್ಯೂಟರ್.

ಬಾಣದ ಗುರುತನ್ನು ಮತ್ತೊಮ್ಮೆ ನೋಡಿದಳು. ಡೆಸ್ಕ್‌ಟಾಪಿನಲ್ಲಿದ್ದದ್ದು ಫೋಲ್ಡರಲ್ಲ, ಫೋಲ್ಡರಿಗೆ ದಾರಿ ತೋರಿಸುವ ಶಾರ್ಟ್‌ಕಟ್. ಅವತ್ತು ತೆರೆದುಕೊಂಡದ್ದು ಅಸಲಿ ಫೋಲ್ಡರು ಕಂಪ್ಯೂಟರಿನಲ್ಲಿ ಇನ್ನೂ ಇದ್ದದ್ದರಿಂದ. ವಿಳಾಸದ ಚೀಟಿಯನ್ನು ಜೋಪಾನ ಮಾಡಿ, ಮನೆಯನ್ನೇ ಕೆಡವಿ ಕೂತಿದ್ದಳು. ಬೈಯಲು ಬೇರೆ ಯಾರೂ ಸಿಗಲಿಲ್ಲ. ಮೇಜಿಗೆ ಹಣೆ ಚಚ್ಚಿಕೊಂಡು ಅತ್ತಳು.

"ಏನಾಯ್ತೇ?" ಜಾನಕಮ್ಮ ಬಾಗಿಲಲ್ಲಿದ್ದರು.

"ಎಲ್ಲಾ ಹೋಯ್ತು ಅತ್ತೆ. ಮಾಡ್ ಒಂದೂ ಇಲ್ಲ. ನಾನೇ ಕೈಯಾರೆ ಅಳಿಸ್ಬಿಟ್ಟೆ. ಈಗ ಸಮಾಧಾನ ಆಯ್ತಾ ನಿಮಗೆ?"

ಜಾನಕಮ್ಮ ಒಳಗೆ ಹೋದರು. ಬೀರು ತೆರೆದ ಸದ್ದಾಯಿತು. ಹಿಂದಿರುಗಿದಾಗ ಅವರ ಕೈಯಲ್ಲೊಂದು ಪೆನ್ ಡ್ರೈವ್ ಇತ್ತು. ಅದಕ್ಕೆ ಅಂಟಿಸಿದ ಚೀಟಿಯಲ್ಲಿ ದುಂಡನೆಯ ಅಕ್ಷರ: ಬಸ್ಸು, ಆಫೀಸ್ ಕಾಪಿ.

"ನಾಡಿದ್ದು ಅಳಿಸ್ತೀನಿ ಅಂದಿದ್ಯಲ್ಲ, ಮಾರನೇ ದಿನಾನೇ ತೆಗೆದಿಟ್ಕೊಂಡೆ," ಎಂದರು ನೆಲ ನೋಡುತ್ತಾ. "ನಿಂದು ಮಾತ್ರ ತಗೋ. ಬೇರೆ ಏನಾದ್ರೂ ಇದ್ರೆ ನೋಡ್ಬೇಡ."

ನೋಡಬೇಡ ಎಂದ ಮೇಲೆ ನೋಡದಿರುತ್ತಾಳೆಯೇ? ಮೂರು ವರ್ಷದ ಮಾಡ್‌ಗಳು ಒಂದೂ ತಪ್ಪದೆ ಇದ್ದವು. ಅವುಗಳ ಕೆಳಗೆ, ಆಟ ಮುಗಿದ ಮೇಲೆ ದಿನವೂ ಕಂಪ್ಯೂಟರಿನಿಂದ ಪೆನ್ ಡ್ರೈವಿಗೆ ಎತ್ತಿಟ್ಟುಕೊಳ್ಳುತ್ತಿದ್ದ, ಆಡಿದ್ದರ ಲೆಕ್ಕವಿದ್ದ ಒಂದು ಫೈಲು. ಚೈತನ್ಯಾ ಅದನ್ನು ಆಟದೊಳಗೆ ತೆರೆದಳು.

ಚಾಲಕಿ: ಜಾನಕಮ್ಮ. ಓಡಿಸಿದ ದೂರ: ಆರು ಸಾವಿರದ ಇನ್ನೂರು ಕಿಲೋಮೀಟರ್. ಫುಟ್‌ಪಾತ್ ಹತ್ತಿಸಿದ್ದು: ನಲವತ್ತೊಂದು ಸಲ.