ಗೇಟಿನ ಅಯಸ್ಕಾಂತ

ಇದನ್ನು ಹೇಳಲು ಹೊರಟದ್ದಕ್ಕೆ ಮೊದಲೇ ಕ್ಷಮೆ ಕೇಳುತ್ತೇನೆ. ಆ ಗೇಟಿನ ಮುಂದೆ ಕೂತಿದ್ದವರಲ್ಲಿ ನನಗಿಂತ ಚೆನ್ನಾಗಿ ಹೇಳಬಲ್ಲವರಿದ್ದಾರೆ. ಅವರು ಹೇಳುವುದಿಲ್ಲ.

"ಡಿಕ್ಕಿ ತೆಗೀರಿ ಸಾಹೇಬ್ರೆ," ಎಂದಳು ದೋಕ್‌ಜಾ.

ಕಂಪನಿಯ ಡೈರೆಕ್ಟರ್ ಮಾ ಕಾರಿನಿಂದ ಇಳಿದು ಡಿಕ್ಕಿ ತೆರೆದರು. ದಕ್ಷಿಣ ಕೊರಿಯಾದ ಬುಸಾನಿನ ಆ ಷೂ ಕಾರ್ಖಾನೆಯ ಗೇಟಿಗೆ ಹೆಂಗಸರು ಬೀಗ ಜಡಿದು, ಟಾರ್ಪಾಲಿನ ಕೆಳಗೆ ಕೂತು ಮೂರನೆಯ ವಾರ. ಇಂಡೋನೇಷ್ಯಾದಲ್ಲಿ ಹತ್ತರಲ್ಲೊಂದು ಪಾಲು ಸಂಬಳಕ್ಕೆ ಷೂ ಹೊಲಿಯುವವರು ಸಿಕ್ಕಿದ್ದಾರೆ, ಕಂಪನಿ ಅಲ್ಲಿಗೆ ಹೊರಟಿದೆ ಎಂದು ತಿಳಿದ ದಿನವೇ ಹೆಂಗಸರು ಬುದ್ಧಿ ಉಪಯೋಗಿಸಿದ್ದರು. ಯಂತ್ರ ಇಲ್ಲಿದ್ದರೆ ಕೆಲಸ ಇಲ್ಲಿ. ಆದ್ದರಿಂದ ಒಂದು ಸೂಜಿಯೂ ಹೊರಗೆ ಹೋಗಬಾರದು.

ಹೊಲಿದ ಷೂಗಳಲ್ಲಿ ಮುರಿದ ಸೂಜಿಯ ಚೂರು ಹುಡುಕಲು ಹೊಲಿಗೆ ವಿಭಾಗದಲ್ಲೊಂದು ಅಯಸ್ಕಾಂತವಿತ್ತು. ಅದಕ್ಕೀಗ ಬಡ್ತಿ ಸಿಕ್ಕಿತ್ತು. ಇಪ್ಪತ್ತು ವರ್ಷ ಹೊಲಿಗೆ ಯಂತ್ರದ ಮುಂದೆ ಬೆನ್ನು ಬಗ್ಗಿಸಿದ್ದ ದೋಕ್‌ಜಾ ಅದನ್ನು ಕೋಲಿನ ತುದಿಗೆ ಕಟ್ಟಿ ಹೊರಗೆ ಹೋಗುವ ಪ್ರತಿಯೊಂದು ಚೀಲದ ಮೇಲೂ ಆಡಿಸುತ್ತಿದ್ದಳು. ಒಂದು ಬಾಬಿನ್ನೂ ಅವಳ ಕಣ್ಣು ತಪ್ಪಿಸಿರಲಿಲ್ಲ.

"ಜಗತ್ತೆಲ್ಲ ಈಗ ಒಂದೇ ಮಾರುಕಟ್ಟೆ ಕಣಮ್ಮ," ಎಂದರು ಮಾ, ಕೈಗವಸು ಹಾಕಿಕೊಳ್ಳುತ್ತ. "ಕಂಪನಿ ಹಿಡಿದಿಟ್ಟುಕೊಂಡು ಏನು ಮಾಡ್ತೀರಿ?"

"ಜಗತ್ತು ಒಂದೇ ಅಂತೀರಿ, ಸಂಬಳಕ್ಕೆ ಮಾತ್ರ ಬೇರೆ ಜಗತ್ತು ಹುಡುಕ್ತೀರಿ," ಎಂದಳು ಹಿಂದಿನಿಂದ ಬುನ್‌ಹೀ. ಅವಳು ದೋಕ್‌ಜಾಳ ಪಕ್ಕದ ಯಂತ್ರದವಳು. ಹೆಂಗಸರು ನಕ್ಕರು. ಮಾ ಕೂಡ ನಕ್ಕರು.

ಮಾ ಯಾವಾಗಲೂ ನಗುತ್ತಿದ್ದರು. ಬೀಗ ಜಡಿದ ದಿನ ಹೆಂಗಸರು ಯಂತ್ರಗಳ ಮುಂದೆ ಹಂದಿಯ ತಲೆ ಇಟ್ಟು, ಇವು ಇಲ್ಲಿಂದ ಕದಲದಿರಲಿ ಎಂದು ಬೇಡಿಕೊಂಡಿದ್ದರು. ಆಗಲೂ ಬಂದು, ಹಂದಿಯ ಬಾಯಿಗೆ ಕಾಣಿಕೆಯೆಂದು ಒಂದು ನೋಟು ತುರುಕಿ, ಎಲ್ಲರಿಗಿಂತ ಕೆಳಗೆ ಬಾಗಿ ನಮಸ್ಕಾರ ಮಾಡಿದವರು ಮಾ. ಸೋತವನ ಲಕ್ಷಣ ಎಂದುಕೊಂಡಿದ್ದಳು ದೋಕ್‌ಜಾ.

ಮಾತುಕತೆ ಗಂಡಸರ ಕೆಲಸ ಎಂದು ಗಂಡಸರೇ ತೀರ್ಮಾನಿಸಿದ್ದರು. ಹಾಗಾಗಿ ಚಳಿಯಲ್ಲಿ ಕೂರುವ ಕೆಲಸ ಹೆಂಗಸರಿಗೆ ಉಳಿಯಿತು. ಸಮಿತಿಯಲ್ಲಿ ಮೂವರು: ಅಚ್ಚು ಕೂರಿಸುವವನು, ಯಂತ್ರ ರಿಪೇರಿಯವನು, ಮತ್ತು ಕಾಗದದ ಮೇಲಿನ ಷೂವನ್ನು ಚರ್ಮಕ್ಕೆ ಇಳಿಸಿ ಕತ್ತರಿಸುವ ಪಿಲ್ಗು. ಪಿಲ್ಗು ದೋಕ್‌ಜಾಳ ಗಂಡ. ದಿನಾ ಸಂಜೆ ಮಾ ಈ ಮೂವರನ್ನು ಕಾರಿನಲ್ಲಿ ಹಂದಿ ಸಾರಿನ ಅಂಗಡಿಗೆ ಕರೆದೊಯ್ಯುತ್ತಿದ್ದರು. ಮೂವರೂ ಸೋಜು ಕುಡಿದು ಕೆಂಪಗಾಗಿ ಮರಳುತ್ತಿದ್ದರು. "ಡೈರೆಕ್ಟರ್ ಕರಗ್ತಾ ಇದಾನೆ," ಎನ್ನುತ್ತಿದ್ದ ಪಿಲ್ಗು.

ಅಂದು ಡಿಕ್ಕಿಯಲ್ಲಿದ್ದುದು ಒಂದು ತಗಡಿನ ಡಬ್ಬ. ದೋಕ್‌ಜಾ ಅಯಸ್ಕಾಂತ ಆಡಿಸಲೂ ಇಲ್ಲ. ಡಬ್ಬ ಅವಳದೇ, ಒಳಗಿನ ಖಾರ ಹಚ್ಚಿದ ಎಲೆಕೋಸಿನ ಕಿಮ್ಚಿಯೂ ಅವಳದೇ. ಆ ಡೈರೆಕ್ಟರಿಗೆ ನಮ್ಮ ಮನೆ ಕಿಮ್ಚಿ ತಿನ್ನಿಸಿದರೆ ಒಪ್ಪಂದಕ್ಕೆ ಸಹಿ ಬಿದ್ದಂತೆಯೇ ಎಂದು ಹೇಳಿ ಪಿಲ್ಗು ಅದನ್ನು ಕೇಳಿ ಪಡೆದಿದ್ದ. ಕಾರಿನಲ್ಲಿ ವಾಸನೆ ಹರಡಬಾರದು, ಮುಚ್ಚಳದ ಸುತ್ತ ಎರಡು ಸುತ್ತು ಟೇಪು ಹಾಕು ಎಂದೂ ಹೇಳಿದ್ದ. ಅವಳು ಮೂರು ಸುತ್ತು ಹಾಕಿದ್ದಳು.

ಸಮಿತಿಯ ಮೂವರೂ ಬಂದರು. ನಿಯಮ ಎಲ್ಲರಿಗೂ ಒಂದೇ. ಪಿಲ್ಗುವಿನ ಕೋಟಿನ ಜೇಬಿನ ಹತ್ತಿರ ಅಯಸ್ಕಾಂತ ಟಕ್ಕೆಂದು ಅಂಟಿಕೊಂಡಿತು.

"ಸಿಕ್ಕಿಬಿದ್ದ ಕಳ್ಳ," ಎಂದಳು ಬುನ್‌ಹೀ. "ಅಕ್ಕ, ಬಿಡಬೇಡ ಅವನ್ನ."

ಜೇಬಿನಲ್ಲಿದ್ದುದು ಅವನ ಕತ್ತರಿಸುವ ಚಾಕು. ಹಿಡಿಗೆ ಸುತ್ತಿದ ಬಟ್ಟೆ ಅವನ ಹೆಬ್ಬೆರಳಿಗೆ ತಕ್ಕಂತೆ ಸವೆದಿತ್ತು. ಅಂಥ ಚಾಕು ಕಂಪನಿಯ ಸೊತ್ತಲ್ಲ, ಕತ್ತರಿಸುವವನ ಸ್ವಂತದ್ದು.

"ಊಟಕ್ಕೆ ಹೋಗೋಕೆ ಚಾಕು ಯಾಕ್ರೀ?"

"ಮಾಂಸ ಗಟ್ಟಿ ಇರುತ್ತೆ."

ದೋಕ್‌ಜಾ ನಕ್ಕು ಅವನ ಕೋಟಿನ ಕಾಲರು ಸರಿಮಾಡಿದಳು. ಆ ಕೊರೆಯುವ ಗಾಳಿಯಲ್ಲಿ ಒಳಗೆ ಅರ್ಧ ತೋಳಿನ ಅಂಗಿ. ಹೆಂಡತಿ ಮೂರು ವಾರ ಮನೆಯಲ್ಲಿಲ್ಲದಿದ್ದರೆ ಗಂಡಸರು ಕೈಗೆ ಸಿಕ್ಕಿದ್ದನ್ನೇ ಹಾಕಿಕೊಳ್ಳುತ್ತಾರೆ. ತೋಳು ಹಿಡಿದಾಗ ಅವನು ಮುಖ ಕಿವುಚಿದ.

"ಏನಾಯ್ತು?"

"ಆಸ್ಪತ್ರೇಲಿ ಚುಚ್ಚಿದ್ರು. ಜ್ವರ ಬರದೇ ಇರ್ಲಿ ಅಂತ."

"ನನ್ನನ್ನ ಚಳೀಲಿ ಕೂರ್ಸಿ, ಸೂಜಿ ನೀವು ಹಾಕಿಸ್ಕೊಳ್ಳಿ."

ಹೆಂಗಸರು ಮತ್ತೆ ನಕ್ಕರು. ಪಿಲ್ಗು ನಗಲಿಲ್ಲ. "ಇವತ್ತು ಸಹಿ ಆಗುತ್ತೆ," ಎಂದ, ಬೇರೆಲ್ಲೋ ನೋಡುತ್ತ.

"ಹಾಗಿದ್ರೆ ಬೇಗ ಹೋಗಿ." ದೋಕ್‌ಜಾ ತಾನೇ ಬೀಗ ತೆಗೆದು ಗೇಟು ತಳ್ಳಿದಳು. ಕಾರಿನ ಹಿಂದೆ ಹೆಂಗಸರು ಹಾಡಿದರು.

ಮರುದಿನ ಬೆಳಿಗ್ಗೆ ಮಾ ಅವರ ಕಾರು ಬಂತು. ಒಳಗೆ ಡ್ರೈವರ್ ಒಬ್ಬನೇ. ಕಿಟಕಿ ಇಳಿಸಿ, ಉರುಹೊಡೆದವನಂತೆ ಒಪ್ಪಿಸಿದ: "ಕಂಪನಿ ಯಂತ್ರಗಳನ್ನೆಲ್ಲ ನಿಮಗೇ ಬಿಟ್ಟಿದೆ. ಒಂದನ್ನೂ ತಗೊಂಡು ಹೋಗಲ್ಲ. ಬೇಕಾದ್ರೆ ಇಟ್ಕೊಳ್ಳಿ, ಬೇಕಾದ್ರೆ ಮಾರ್ಕೊಳ್ಳಿ."

ಬುನ್‌ಹೀ ಪಾತ್ರೆ ಬಡಿಯತೊಡಗಿದಳು. ಯಾರೋ ಅತ್ತರು. ಗೆದ್ದಿದ್ದರು. ಒಳಗೆ ಓಡಿ ಸ್ವಿಚ್ಚು ಒತ್ತಿದರೆ ಯಂತ್ರಗಳೆಲ್ಲ ಒಟ್ಟಿಗೆ ಗುಂಯ್‌ಗುಟ್ಟಿದವು. ಒಂದೂ ಕಡಿಮೆಯಾಗಿರಲಿಲ್ಲ. ಹೊಲಿಯಲು ಬೇಕಾದದ್ದು ಇನ್ನು ಕತ್ತರಿಸಿದ ಚರ್ಮ ಮಾತ್ರ.

ದೋಕ್‌ಜಾ ಗೇಟಿಗೆ ಬಂದಳು. ಕೋಲು ಇನ್ನೂ ಕೈಯಲ್ಲೇ ಇತ್ತು. "ನಮ್ಮ ಮನೆಯವರೆಲ್ಲಪ್ಪ? ಮೂರೂ ಜನ ಕುಡಿದು ಅಲ್ಲೇ ಬಿದ್ದಿದಾರಾ?"

ಡ್ರೈವರ್ ಅವಳನ್ನು ನೋಡಿದ, ಅವಳ ಅಯಸ್ಕಾಂತವನ್ನೂ ನೋಡಿದ.

"ನಿಮಗೆ ಹೇಳಿಲ್ವಾ ಅಕ್ಕ? ಈಗ ತಾನೆ ಜಕಾರ್ತಾ ವಿಮಾನ ಹತ್ತಿಸಿ ಬಂದೆ. ಹೊಸ ಯಂತ್ರ ಅಲ್ಲಿ ಆಗಲೇ ಕೂತಿವೆ. ಅಲ್ಲಿಯವರಿಗೆ ಕೆಲಸ ಕಲಿಸೋರೇ ಬೇಕಾಗಿತ್ತು."

ಆ ಕಿಮ್ಚಿ ಅಲ್ಲಿಯ ಸೆಕೆಯಲ್ಲಿ ಹುಳಿಯಾಗದೆ ಎಷ್ಟು ದಿನ ಉಳಿಯಿತೋ, ನನಗೆ ತಿಳಿಯದು.